ನೀನು ಯಾರು ಅಂತ ಹೇಳೋರು ಯಾರು?

ನಮ್ಮ ಸೀಮೆಯ ಬೆಟ್ಟಗಳು ಭಾರಿ ಕಲಾವಿದರು ಸ್ವಾಮಿ! ರಾಮನಗರದ ರಾಮದೇವರ ಬೆಟ್ಟ ‘ಶೋಲೆ’ಯಲ್ಲಿ ರಾಮ್‌ಗಢದ ವೇಷ ಹಾಕಿತು. ೧೯೭೫ರ ಆಗಸ್ಟ್ ೧೫ರಂದು ಚಿತ್ರ ತೆರೆಕಂಡ ಮೇಲೆ, ಗಬ್ಬರ್ ಸಿಂಗ್ ಓಡಾಡಿದ ಬಂಡೆ ಎಲ್ಲಿದೆ ಅಂತ ಎಲ್ಲೆಲ್ಲಿಂದಲೋ ಜನ ಹುಡುಕಿಕೊಂಡು ಬಂದರು. ಮಾಗಡಿಯ ಸಾವನದುರ್ಗ ಇನ್ನೂ ಒಂದು ಹೆಜ್ಜೆ ಮುಂದೆ. ಡೇವಿಡ್ ಲೀನ್ ಅವರ ೧೯೮೪ರ ‘ಎ ಪ್ಯಾಸೇಜ್ ಟು ಇಂಡಿಯಾ’ದಲ್ಲಿ ಮರಾಬರ್ ಗುಹೆಗಳ ಬೆಟ್ಟವಾಗಿ ಲಂಡನ್ನು, ಅಮೆರಿಕದ ಪರದೆ ಏರಿತು. ಎರಡೂ ಬೆಟ್ಟಗಳು ಸಂಭಾವನೆ ಕೇಳಲಿಲ್ಲ, ಕಾಲ್‌ಶೀಟ್ ಕೊಡೋಕೆ ಸತಾಯಿಸಲಿಲ್ಲ!

ಊರಿನ ಕಥೆಯೂ ಅಷ್ಟೇ. ಬ್ರಿಟಿಷರ ಕಾಲಕ್ಕೆ ಕ್ಲೋಸ್‌ಪೇಟೆ. ಆಮೇಲೆ ರಾಮನಗರ. ೨೦೦೭ರಲ್ಲಿ ಜಿಲ್ಲೆ. ೨೦೨೫ರಲ್ಲಿ ಆ ಜಿಲ್ಲೆಗೆ ಬೆಂಗಳೂರು ದಕ್ಷಿಣ ಅಂತ ಹೆಸರಾಯಿತು. ನಾನು ಬೈರಮಂಗಲದವನು. ಬೆಂಗಳೂರಲ್ಲಿ ಯಾರಾದರೂ ‘ಯಾವೂರಪ್ಪಾ?’ ಅಂದಾಗ ‘ಬಿಡದಿ ಹತ್ರ’ ಅಂದರೆ ‘ಓಹೋ, ತಟ್ಟೆ ಇಡ್ಲಿ!’ ಅಂತ ನಗುತ್ತಾರೆ. ‘ಬೈರಮಂಗಲ’ ಅಂದರೆ ‘ಓ, ಆ ನೊರೆ ಬರೋ ಕೆರೆ’ ಅಂತ ಮೂಗು ಮುಚ್ಚಿಕೊಳ್ಳುತ್ತಾರೆ. ಆಳು ಒಬ್ಬನೇ. ಒಂದು ಉತ್ತರಕ್ಕೆ ಇಡ್ಲಿ, ಇನ್ನೊಂದಕ್ಕೆ ನೊರೆ!

ಬೆಟ್ಟಕ್ಕೆ ಏನು ಹೆಸರಿಟ್ಟರೂ ನೋವಾಗಲ್ಲ. ಮನುಷ್ಯನಿಗೆ? ನಾನು ಯಾರು ಅನ್ನೋದನ್ನ ನನ್ನ ನೆನಪು ಹೇಳಬೇಕಾ, ನನ್ನನ್ನು ನೋಡಿದವರ ಬಾಯಿ ಹೇಳಬೇಕಾ, ಇಲ್ಲಾ ಕಚೇರಿಯ ಕಾಗದ ಹೇಳಬೇಕಾ? ಕನ್ನಡದಲ್ಲಿ ಒಬ್ಬ ನಿರ್ದೇಶಕರು ನಲವತ್ತು ವರ್ಷಕ್ಕೂ ಮೀರಿ ಇದೊಂದನ್ನೇ ಬೇರೆ ಬೇರೆ ಕಥೆಗಳಲ್ಲಿ ಕೆದಕುತ್ತಾ ಬಂದಿದ್ದಾರೆ. ಅವರೇ ಗಿರೀಶ್ ಕಾಸರವಳ್ಳಿ.

ತಾಳಿ, ಪುಟ ತಿರುಗಿಸಬೇಡಿ! ‘ಅಯ್ಯೋ, ಅವಾರ್ಡ್ ಪಿಕ್ಚರ್ ಮೇಷ್ಟ್ರು’ ಅಂತ ನೀವು ಮೂತಿ ತಿರುಗಿಸೋದು ನನಗೆ ಗೊತ್ತು. ಫೈಟಿಲ್ಲ, ಡ್ಯುಯೆಟ್ಟಿಲ್ಲ, ಶಿಳ್ಳೆ ಹೊಡೆಯೋಕೆ ಜಾಗ ಇಲ್ಲ, ನಿಜ. ಆದರೆ ಸಸ್ಪೆನ್ಸ್ ಇದೆ. ಕೊಲೆಗಾರ ಯಾರು ಅನ್ನೋ ಸಸ್ಪೆನ್ಸ್ ಅಲ್ಲ, ಈ ಮನುಷ್ಯ ಯಾರು ಅನ್ನೋದು.

ಉಳಿಯೋದು ಏನು?

೧೯೫೦ರಲ್ಲಿ ತೀರ್ಥಹಳ್ಳಿ ತಾಲ್ಲೂಕಿನ ಕೆಸಲೂರಿನಲ್ಲಿ ಹುಟ್ಟಿದ ಕಾಸರವಳ್ಳಿ ಮಣಿಪಾಲದಲ್ಲಿ ಓದಿದ್ದು ಫಾರ್ಮಸಿ. ಔಷಧಿ ಲೆಕ್ಕ ಬಿಟ್ಟು ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್ ಸೇರಿದರು. ಅಲ್ಲಿ ಕಲಿಕೆ ಮುಗಿಸುವಾಗ ತೆಗೆದ ಚಿಕ್ಕ ಚಿತ್ರದ ಹೆಸರು ‘ಅವಶೇಷ್’. ಅದಕ್ಕೆ ಪ್ರಯೋಗಾತ್ಮಕ ಕಿರುಚಿತ್ರ ಅಂತ ರಾಷ್ಟ್ರಪ್ರಶಸ್ತಿ ಬಂತು. ಅವಶೇಷ ಅಂದರೆ ಎಲ್ಲಾ ಹೋದ ಮೇಲೆ ಉಳಿಯೋದು. ಆಮೇಲಿನ ಅವರ ಚಿತ್ರಗಳಿಗೆಲ್ಲ ಅದೇ ಹೆಸರಿಟ್ಟಿದ್ದರೂ ನಡೀತಿತ್ತು ಅಂತ ನನಗನಿಸುತ್ತದೆ.

ಪ್ರಯೋಗ ಅಂದರೆ ಕ್ಯಾಮೆರಾ ತಲೆಕೆಳಗು ಮಾಡೋದು, ಅರ್ಥವಾಗದ ಹಾಗೆ ಕತ್ತರಿಸೋದು ಅಂತ ನಮ್ಮಲ್ಲಿ ಒಂದು ನಂಬಿಕೆ ಇದೆ. ಕಾಸರವಳ್ಳಿಯವರ ಪ್ರಯೋಗ ಬೇರೆ ತರಹ. ಒಬ್ಬ ಮನುಷ್ಯನನ್ನು ತಗೊಳ್ತಾರೆ. ಅವನ ಕೆಲಸ, ಮನೆ, ಹೆಸರು, ನಂಟು ಒಂದೊಂದಾಗಿ ಕಳಚುತ್ತಾ ಹೋಗುತ್ತಾರೆ. ಆಮೇಲೆ ಏನು ಉಳೀತು ಅಂತ ಕ್ಯಾಮೆರಾ ಇಟ್ಟು ಸುಮ್ಮನೆ ನೋಡುತ್ತಾರೆ.

೧೯೭೭ರ ‘ಘಟಶ್ರಾದ್ಧ’ವನ್ನೇ ನೋಡಿ. ಅವರ ಮೊದಲ ಪೂರ್ಣಪ್ರಮಾಣದ ಚಿತ್ರ, ಆಗ ಅವರಿಗೆ ಇಪ್ಪತ್ತೇಳು. ಕಥೆ ಯು. ಆರ್. ಅನಂತಮೂರ್ತಿಯವರದು. ಸಂಗೀತ ಬಿ. ವಿ. ಕಾರಂತ, ಛಾಯಾಗ್ರಹಣ ಎಸ್. ರಾಮಚಂದ್ರ. ವೇದ ಕಲಿಯಲು ಬಂದ ನಾಣಿ ಎಂಬ ಪುಟ್ಟ ಹುಡುಗ, ಗುರುಗಳ ವಿಧವೆ ಮಗಳು ಯಮುನಾ. ಆಕೆ ಗರ್ಭಿಣಿಯಾದಳೆಂದು ತಿಳಿದಾಗ ಸ್ವಂತ ತಂದೆಯೇ ಮಡಿಕೆ ಒಡೆದು ಅವಳ ಶ್ರಾದ್ಧ ಮಾಡುತ್ತಾನೆ. ಅವಳಿನ್ನೂ ಬದುಕಿದ್ದಾಳೆ! ಉಸಿರಾಡುತ್ತಿದ್ದಾಳೆ, ಕಣ್ಣು ಬಿಟ್ಟು ಕೂತಿದ್ದಾಳೆ. ಆದರೆ ಊರಿನ ಲೆಕ್ಕದಲ್ಲಿ ಅವಳಿಲ್ಲ. ಇದ್ದಳು ಅನ್ನೋದಕ್ಕೆ ಉಳಿದದ್ದು ಆ ಹುಡುಗನ ಕಣ್ಣು ಮಾತ್ರ. ಅವನು ತಿರುಗಿ ತಿರುಗಿ ನೋಡುತ್ತಾ ಹೋಗುತ್ತಾನಲ್ಲ, ಆ ನೋಟದಲ್ಲೇ ಇಡೀ ಚಿತ್ರ ಇದೆ.

ಆ ಚಿತ್ರಕ್ಕೆ ಸ್ವರ್ಣಕಮಲ ಬಂತು. ಮುಂದೆ ‘ತಬರನ ಕಥೆ’, ‘ತಾಯಿ ಸಾಹೇಬ’, ‘ದ್ವೀಪ’ಗಳಿಗೂ ಬಂತು. ಒಟ್ಟು ನಾಲ್ಕು. ಆದರೆ ನನಗೆ ಅದಕ್ಕಿಂತ ದೊಡ್ಡದು ೨೦೨೪ರ ಸುದ್ದಿ. ಹಳೆಯ ನೆಗೆಟಿವ್ ಹಿಡಿದು ‘ಘಟಶ್ರಾದ್ಧ’ವನ್ನು ಫಿಲ್ಮ್ ಹೆರಿಟೇಜ್ ಫೌಂಡೇಶನ್ ಮತ್ತು ಮಾರ್ಟಿನ್ ಸ್ಕಾರ್ಸೆಸಿಯವರ ವರ್ಲ್ಡ್ ಸಿನಿಮಾ ಪ್ರಾಜೆಕ್ಟ್ ಸೇರಿ ದುರಸ್ತಿ ಮಾಡಿದವು. ಅದೇ ವರ್ಷ ವೆನಿಸ್ ಚಿತ್ರೋತ್ಸವದಲ್ಲಿ ತೋರಿಸಿದರು. ಬದುಕಿದ್ದವಳಿಗೆ ಊರು ಶ್ರಾದ್ಧ ಮಾಡಿತು; ಸಾಯುತ್ತಿದ್ದ ರೀಲಿಗೆ ಜನ ಜೀವ ಕೊಟ್ಟರು. ಎಷ್ಟು ಕನ್ನಡ ಚಿತ್ರಗಳಿಗೆ ಈ ಭಾಗ್ಯ ಸಿಕ್ಕಿದೆ ಹೇಳಿ?

ಆ ಹೆಂಗ್ಸು ಏನಂದ್ಲು?

ಹುಟ್ಟಿ ಮತ್ತೆ ಬರೋ ಕಥೆ ನಮಗೆ ಹೊಸದಲ್ಲ. ೧೯೮೦ರಲ್ಲಿ ಹಿಂದಿಯ ‘ಕರ್ಜ್’ ಬಂತು, ೧೯೮೯ರಲ್ಲಿ ಅದೇ ಕಥೆ ರವಿಚಂದ್ರನ್ ಅವರ ‘ಯುಗಪುರುಷ’ ಆಯಿತು. ಹೀರೋಗೆ ಹಳೇ ಜನ್ಮ ನೆನಪಾಗುತ್ತೆ, ನಾವು ಶಿಳ್ಳೆ ಹೊಡೀತೀವಿ, ವಿಲನ್‌ಗೆ ಬೆವರು ಬರುತ್ತೆ. ಅಲ್ಲಿ ನೆನಪು ಅಂದರೆ ಹೀರೋ ಕೈಯ ಕತ್ತಿ. ಅದು ನಿಜವೋ ಸುಳ್ಳೋ ಅಂತ ಯಾರೂ ಕೇಳಲ್ಲ.

೨೦೦೬ರ ‘ನಾಯಿ ನೆರಳು’ ಅದನ್ನೇ ಕೇಳುತ್ತದೆ. ಎಸ್. ಎಲ್. ಭೈರಪ್ಪನವರ ೧೯೬೮ರ ಕಾದಂಬರಿ ಅದಕ್ಕೆ ಆಧಾರ. ಒಂದು ಮನೆಯ ಮಗ ಸತ್ತು ವರ್ಷಗಳೇ ಕಳೆದಿವೆ. ವಿಧವೆ ಸೊಸೆ ವೆಂಕು ಅತ್ತೆ ಮಾವನ ಜೊತೆ ಇದ್ದಾಳೆ. ಅವಳ ಮಗಳು ಪಟ್ಟಣದಲ್ಲಿ ಓದುತ್ತಿದ್ದಾಳೆ. ಅಷ್ಟರಲ್ಲಿ ಬೇರೆ ಊರಿಂದ ಸುದ್ದಿ: ವಿಶ್ವ ಅನ್ನೋ ಹುಡುಗ ‘ಹೋದ ಜನ್ಮದಲ್ಲಿ ನಾನು ಅವರ ಮಗ’ ಅನ್ನುತ್ತಿದ್ದಾನಂತೆ! ಹೆತ್ತ ತಾಯಿಗೆ ಸತ್ತ ಮಗ ಸಿಕ್ಕಿದ ಹಾಗಾಯಿತು. ಕರೆತಂದರು. ಬಂದವನು ವೆಂಕುವನ್ನು ತೋರಿಸಿ, ಇವಳು ನನ್ನ ಹೆಂಡತಿ ಅಂದ. ಅವನಿಗೆ ಅವಳ ಮಗಳ ವಯಸ್ಸು!

ಈ ಚಿತ್ರವನ್ನು ನಾವು ನಾಲ್ಕು ಜನ ಸ್ನೇಹಿತನ ರೇಷ್ಮೆ ಹುಳದ ಮನೆಯಲ್ಲಿ ಕೂತು ಫೋನಿನಲ್ಲಿ ನೋಡಿದೆವು. ಹುಳ ನಾಲ್ಕನೇ ಜ್ವರ ಎದ್ದಿದ್ದವು. ಆ ಹೊತ್ತಿಗೆ ಅವುಕ್ಕೆ ಬಕಾಸುರನ ಹಸಿವು, ರಾತ್ರಿಯೂ ಎದ್ದು ಸೊಪ್ಪು ಹಾಕಬೇಕು. ಹೊರಗೆ ಮಳೆ. ಒಳಗೆ ಸಾವಿರಾರು ಹುಳ ಹಿಪ್ಪುನೇರಳೆ ಸೊಪ್ಪು ಮೇಯುವ ಸದ್ದೂ ಮಳೆ ಸದ್ದಿನ ಹಾಗೇ ಇರುತ್ತೆ. ಅರ್ಧಕ್ಕೆ ಬಂದಾಗ ಜಗಳ ಶುರು.

‘ಸುಳ್ ನನ್ಮಗ ಕಣ್ಲಾ, ಆಸ್ತಿ ಹೊಡೆಯೋಕೆ ಬಂದವ್ನೆ’ ಅಂತ ಒಬ್ಬ.

‘ಇಲ್ಲ ಮಗ, ಅವನಿಗೆ ನಿಜವಾಗ್ಲೂ ಗ್ಯಾಪ್ಕ ಐತೆ. ಮುಖ ನೋಡು’ ಅಂತ ಇನ್ನೊಬ್ಬ.

ಸ್ನೇಹಿತನ ತಾಯಿ ಮೂಲೆಯಲ್ಲಿ ಕೂತು ಸೊಪ್ಪು ಕತ್ತರಿಸುತ್ತಿದ್ದರು. ಚಿತ್ರ ನೋಡುತ್ತಿರಲಿಲ್ಲ, ನಮ್ಮ ಜಗಳ ಕೇಳುತ್ತಿದ್ದರು. ಕತ್ತಿ ನಿಲ್ಲಿಸಿ ಒಂದೇ ಮಾತು ಕೇಳಿದರು: ‘ಅವ್ನ್ ಯಾರಾದ್ರೂ ಆಗ್ಲಿ ಕಣ್ರಪ್ಪಾ. ಆ ಹೆಂಗ್ಸು ಏನಂದ್ಲು?’

ನಾವು ನಾಲ್ಕು ಜನವೂ ಗಪ್‌ಚಿಪ್. ಒಂದು ಗಂಟೆ ಹೊತ್ತು ವಿಶ್ವನ ನೆನಪು ನಿಜವಾ ಸುಳ್ಳಾ ಅಂತ ಕಾದಾಡಿದ್ದೆವು. ವೆಂಕುವನ್ನು ಒಬ್ಬನೂ ಕೇಳಿರಲಿಲ್ಲ. ಚಿತ್ರದೊಳಗಿನ ಮನೆಯವರು ಮಾಡಿದ್ದೂ ಅದನ್ನೇ!

ಕಾಸರವಳ್ಳಿಯವರ ಜಾಣತನ ಇಲ್ಲಿದೆ. ಪುನರ್ಜನ್ಮ ಇದೆಯೋ ಇಲ್ಲವೋ ಅನ್ನೋ ತೀರ್ಪು ಕೊಡೋಕೆ ಅವರು ಹೋಗೋದಿಲ್ಲ. ಕ್ಯಾಮೆರಾವನ್ನು ಪವಿತ್ರಾ ಲೋಕೇಶ್ ಅವರ ಮುಖದ ಕಡೆ ತಿರುಗಿಸುತ್ತಾರೆ. ಅವನ ನೆನಪು ನಿಜವೇ ಆಗಿರಲಿ. ಹಾಗಂತ ಅವಳು ಅವನ ಹೆಂಡತಿ ಆಗಿಬಿಡಬೇಕಾ? ಅತ್ತೆಯ ಪಾಲಿಗೆ ಅವನು ಮಗ, ಮಗಳ ಪಾಲಿಗೆ ಮೋಸಗಾರ. ಎಲ್ಲರೂ ತಮಗೆ ಬೇಕಾದ ಹಾಗೆ ಅವನನ್ನು ಗುರುತಿಸುತ್ತಾರೆ, ಅವನ ಮೂಲಕ ಅವಳನ್ನೂ ಗುರುತಿಸುತ್ತಾರೆ. ಅಷ್ಟು ವರ್ಷ ಅವಳನ್ನು ವಿಧವೆ ಅಂತ ಹೇಳಿದವರು ಬೇರೆಯವರು, ಈಗ ಮುತ್ತೈದೆ ಅನ್ನೋರೂ ಬೇರೆಯವರು. ಕೊನೆಗೆ ವೆಂಕು ತನ್ನ ದಾರಿ ತಾನೇ ಹಿಡಿದಾಗ, ಅದು ಸರಿಯೋ ತಪ್ಪೋ ಅನ್ನೋದಕ್ಕಿಂತ, ಅದು ಅವಳದು ಅನ್ನೋದು ಮನಸ್ಸಿಗೆ ತಟ್ಟುತ್ತದೆ. ಪವಿತ್ರಾ ಲೋಕೇಶ್ ಅವರಿಗೆ ಆ ಪಾತ್ರಕ್ಕೆ ರಾಜ್ಯ ಪ್ರಶಸ್ತಿ ಬಂದದ್ದು ಸುಮ್ಮನೆ ಅಲ್ಲ.

ವೇಷ ಮತ್ತು ಮುಖ

ಅಭಿಮಾನಿಗಳಾದ ನಮಗೆ ಹತ್ತಿರದ ಚಿತ್ರಗಳು ಇನ್ನೆರಡಿವೆ.

‘ಕೂರ್ಮಾವತಾರ’ (೨೦೧೧) ಕುಂ. ವೀರಭದ್ರಪ್ಪನವರ ಕಥೆ. ನಿವೃತ್ತಿಯ ಅಂಚಿನಲ್ಲಿರುವ ಒಬ್ಬ ಸರ್ಕಾರಿ ನೌಕರ. ನೋಡೋಕೆ ಗಾಂಧೀಜಿ ಹಾಗೆ ಇದ್ದಾನೆ ಅಂತ ಟಿ.ವಿ. ಧಾರಾವಾಹಿಯಲ್ಲಿ ಗಾಂಧಿ ಪಾತ್ರ ಸಿಗುತ್ತದೆ. ಮೇಕಪ್ ತೆಗೆದ ಮೇಲೂ ಜನ ಬಿಡುವುದಿಲ್ಲ, ಗಾಂಧಿ ಅಂತಲೇ ನಡೆದುಕೊಳ್ಳುತ್ತಾರೆ. ಪಾತ್ರ ಆಳನ್ನು ನುಂಗುತ್ತಾ ಬರುತ್ತದೆ. ನಗು ಬರುತ್ತೆ, ಆಮೇಲೆ ಭಯ ಆಗುತ್ತೆ. ಅಣ್ಣಾವ್ರ ಹಾಗೆ ಕ್ರಾಪು ಬಿಟ್ಟುಕೊಂಡು, ಶಂಕರಣ್ಣನ ಹಾಗೆ ಆಟೋ ಓಡಿಸಿಕೊಂಡು ಮೆರೆದ ನಮ್ಮ ಊರುಗಳಲ್ಲಿ ಈ ಕಾಯಿಲೆ ಯಾರಿಗೆ ಗೊತ್ತಿಲ್ಲ?

‘ಗುಲಾಬಿ ಟಾಕೀಸ್’ (೨೦೦೮) ವೈದೇಹಿಯವರ ಕಥೆಯಿಂದ ಬಂದದ್ದು. ಕರಾವಳಿಯ ಮೀನುಗಾರರ ಊರು, ೧೯೯೯ರ ಕಾರ್ಗಿಲ್ ಯುದ್ಧದ ಸಮಯ. ಗುಲಾಬಿ ಸೂಲಗಿತ್ತಿ, ಸಿನಿಮಾ ಹುಚ್ಚಿ. ಹೆರಿಗೆ ಮಾಡಿಸಿದ್ದಕ್ಕೆ ಅವಳ ಮನೆಗೆ ಡಿಶ್ಶು, ಬಣ್ಣದ ಟಿ.ವಿ. ಬರುತ್ತದೆ. ಊರ ಹೆಂಗಸರೆಲ್ಲ ಅಲ್ಲೇ ಸೇರುತ್ತಾರೆ. ಅಲ್ಲಿಯವರೆಗೆ ಅವಳು ಸೂಲಗಿತ್ತಿ ಗುಲಾಬಿ, ಸಿನಿಮಾ ಗುಲಾಬಿ. ಊರಲ್ಲಿ ಗಾಳಿ ಬದಲಾದ ಮೇಲೆ ಬರೀ ‘ಮುಸ್ಲಿಂ ಹೆಂಗಸು’. ಅವಳ ಕೈಯಲ್ಲಿ ಹುಟ್ಟಿದ ಊರೇ ಅವಳನ್ನು ಗುರುತಿಸದ ಹಾಗೆ ಆಗುತ್ತದೆ. ಗುಲಾಬಿ ಊರು ಬಿಡಬೇಕಾಗುತ್ತದೆ. ಪಾತ್ರ ಮಾಡಿದವರು ಉಮಾಶ್ರೀ. ಕಾಮಿಡಿ ಅಂದರೆ ಉಮಾಶ್ರೀ ಅಂತ ನಾವು ವರ್ಷಗಟ್ಟಲೆ ಹಣೆಪಟ್ಟಿ ಹಚ್ಚಿದ್ದೆವಲ್ಲ, ಆ ಪಟ್ಟಿ ಕಿತ್ತೆಸೆದು ರಾಷ್ಟ್ರಪ್ರಶಸ್ತಿ ತಂದರು!

ಕೆರೆಯ ದಡದಲ್ಲಿ

ಇಷ್ಟೆಲ್ಲ ಚಿತ್ರಗಳ ಮಾತು ಬೈರಮಂಗಲದಲ್ಲಿ ಕೂತು ಯಾಕೆ ಆಡುತ್ತಿದ್ದೀನಿ ಅಂದರೆ, ಇವು ನಮ್ಮೂರಿಗೇ ಬಂದು ನಿಂತಿವೆ.

ನಮ್ಮ ಕೆರೆಗೆ ಬರೋದು ವೃಷಭಾವತಿ. ಬೆಂಗಳೂರಿನ ಬಸವನಗುಡಿ ಕಡೆ ಹುಟ್ಟಿ, ಕೆಂಗೇರಿ, ಬಿಡದಿ ಹಾದು ಬರುವ ನದಿ. ಮುಂದೆ ಕನಕಪುರದ ಕಡೆ ಹೋಗಿ ಅರ್ಕಾವತಿ ಸೇರುತ್ತೆ. ಬೆಂಗಳೂರು ತೊಳೆದು ಬಿಟ್ಟದ್ದೆಲ್ಲ ಅದರಲ್ಲಿ ಬಂದು, ಕೋಡಿಯಲ್ಲಿ ಬೆಳ್ಳಗೆ ನೊರೆ ಏಳುತ್ತದೆ. ನಮ್ಮಜ್ಜಿ ಹೇಳುತ್ತಾರೆ: ‘ಅದೇ ನೀರ್ನ ಬೊಗಸೇಲಿ ಎತ್ತಿ ಕುಡೀತಿದ್ವಿ ಕಣ್ಲಾ. ತಳದಾಗೆ ಮರಳು ಕಾಣೋದು.’ ನನ್ನ ವಾರಿಗೆಯವರು ನಗುತ್ತಾರೆ. ನಾವು ಹುಟ್ಟಿದಾಗಿನಿಂದ ಕಂಡದ್ದು ನೊರೆ. ಅಜ್ಜಿಯ ಕೆರೆ ಬೇರೆ, ನನ್ನ ಕೆರೆ ಬೇರೆ. ಹೆಸರು ಮಾತ್ರ ಒಂದೇ. ಅಜ್ಜಿಯ ನೆನಪು ನಂಬುವುದಕ್ಕೂ ಆ ವಿಶ್ವನ ನೆನಪು ನಂಬುವುದಕ್ಕೂ ನಮಗೆ ಅಷ್ಟೇ ಕಷ್ಟ!

೨೦೨೫ರಲ್ಲಿ ಇನ್ನೊಂದು ಬಂತು. ಬಿಡದಿ ಉಪನಗರಕ್ಕೆ ಅಂತ ಬೈರಮಂಗಲ, ಕಂಚುಗಾರನಹಳ್ಳಿ ಸುತ್ತಿನ ಹಳ್ಳಿಗಳ ಸಾವಿರಾರು ಎಕರೆ ಭೂಸ್ವಾಧೀನದ ಪ್ರಾಥಮಿಕ ಅಧಿಸೂಚನೆ. ಹಿಂದೆಯೂ ಒಮ್ಮೆ ಎದ್ದು ಮಲಗಿದ್ದ ಮಾತು ಅದು. ರೈತರು ಬೈರಮಂಗಲದಲ್ಲಿ ಧರಣಿ ಕೂತರು. ಎಲ್ಲರ ಮನಸ್ಸೂ ಒಂದೇ ಇರಲಿಲ್ಲ, ಅದನ್ನೂ ಹೇಳಬೇಕು. ‘ಪರಿಹಾರ ಬಂದ್ರೆ ಸಾಲ ತೀರ್ತದೆ, ಈ ವಾಸನೆಯಿಂದ ಬಿಡುಗಡೆ ಆಗ್ತದೆ’ ಅನ್ನೋ ಹುಡುಗರೂ ಇದ್ದರು. ‘ಹಸ ಕಟ್ಟೋಕೆ ಜಾಗ ಇಲ್ಲದ ಮೇಲೆ ನಾನ್ಯಾವ ರೈತ?’ ಅನ್ನೋರೂ ಇದ್ದರು.

ಈ ಎರಡನೇ ಮಾತು ಕೇಳಿದಾಗ ನನಗೆ ಕಂಡದ್ದು ‘ದ್ವೀಪ’ದ ಗಣಪ. ನಾ. ಡಿಸೋಜರ ಕಥೆ, ೨೦೦೨ರ ಚಿತ್ರ. ಅಣೆಕಟ್ಟಿನ ನೀರು ಏರುತ್ತಾ ಬರುತ್ತಿದೆ. ಊರಿನವರೆಲ್ಲ ಪರಿಹಾರ ಹಿಡಿದು ಹೊರಟರು. ದುಗ್ಗಜ್ಜ, ಮಗ ಗಣಪ, ಸೊಸೆ ನಾಗಿ ಗುಡ್ಡದ ಮೇಲೆ ಉಳಿದರು. ಯಾಕೆ? ಅಲ್ಲಿ ಗಣಪ ದೇವರ ಪೂಜೆ ಮಾಡುವವನು, ಜನ ಮರ್ಯಾದೆ ಕೊಡುವವನು. ಬೇರೆ ಊರಿಗೆ ಹೋದರೆ ಬರೀ ಒಬ್ಬ ಆಳು. ದುಡ್ಡು ಸಿಗುತ್ತೆ, ‘ಗಣಪ’ ಸಿಗಲ್ಲ. ಇದನ್ನು ಯಾವ ಪರಿಹಾರದ ಪಟ್ಟಿಯಲ್ಲಿ ಬರೆಯೋದು?

ಹಾಗಂತ ಕಾಸರವಳ್ಳಿ ಗಣಪನನ್ನು ಹೀರೋ ಮಾಡಿ ಕೂರಿಸಲಿಲ್ಲ. ಮಳೆ, ನೀರು, ಕತ್ತಲೆಯ ನಡುವೆ ಮನೆ ಉಳಿಸಿದವಳು ನಾಗಿ. ಮಳೆ ನಿಂತ ಮೇಲೆ ಗಣಪ ಕೈ ಮುಗಿದದ್ದು ದೇವರಿಗೆ. ಹೆಂಡತಿಯ ದುಡಿಮೆ ಅವನ ನೆನಪಿನ ಲೆಕ್ಕಕ್ಕೇ ಬರಲಿಲ್ಲ. ತನ್ನ ಗುರುತು ಹೋಗುತ್ತೆ ಅಂತ ಅಷ್ಟು ಒದ್ದಾಡಿದವನು ಪಕ್ಕದಲ್ಲಿದ್ದವಳನ್ನು ಗುರುತಿಸಲಿಲ್ಲ. ನಾಗಿಯಾಗಿ ನಟಿಸಿ, ಆ ಚಿತ್ರಕ್ಕೆ ದುಡ್ಡು ಹಾಕಿದವರು ಸೌಂದರ್ಯ. ೨೦೦೪ರ ಏಪ್ರಿಲ್ ೧೭ರಂದು ಬೆಂಗಳೂರಿನಲ್ಲಿ ವಿಮಾನ ಅಪಘಾತದಲ್ಲಿ ತೀರಿಕೊಂಡರು. ಅದೇ ವರ್ಷ ಬಂದ ‘ಆಪ್ತಮಿತ್ರ’ದಲ್ಲಿ ಗಂಗಾ ನಾಗವಲ್ಲಿಯಾಗಿ ಬದಲಾದಾಗ ನಾವು ಕುರ್ಚಿ ತುದಿಗೆ ಬಂದಿದ್ದೆವು. ಯಾರೂ ಬದಲಾಯಿಸಲಾಗದ ನಾಗಿಯನ್ನೂ ಒಮ್ಮೆ ನೋಡಿ.

ಇನ್ನು ಕಾಗದದ ಮಾತು. ೧೯೮೬ರ ‘ತಬರನ ಕಥೆ’, ಪೂರ್ಣಚಂದ್ರ ತೇಜಸ್ವಿಯವರದು. ಜೀವಮಾನವಿಡೀ ನಿಯತ್ತಿನಿಂದ ದುಡಿದ ತಬರ ಪಿಂಚಣಿಗಾಗಿ ಮೇಜಿನಿಂದ ಮೇಜಿಗೆ ಅಲೆಯುತ್ತಾನೆ. ಅತ್ತ ಹೆಂಡತಿಯ ಕಾಲಿನ ಹುಣ್ಣು ಬೆಳೆಯುತ್ತಿದೆ. ಮನುಷ್ಯ ಎದುರಿಗೇ ನಿಂತಿದ್ದಾನೆ, ಆದರೆ ಕಡತದಲ್ಲಿ ಅವನು ಸರಿಯಾಗಿಲ್ಲ! ಚಾರುಹಾಸನ್ ಅವರ ಆ ಬಗ್ಗಿದ ಬೆನ್ನು ನೋಡಿದವರು ಮರೆಯಲಾರರು. ಆ ವರ್ಷದ ಶ್ರೇಷ್ಠ ನಟ ರಾಷ್ಟ್ರಪ್ರಶಸ್ತಿ ಅವರದೇ.

ಆ ಚಿತ್ರ ಮತ್ತೆ ನೋಡಿದ ಮೇಲೆ ಒಂದು ಸಂಜೆ ನಾನು ಊರಿನ ಪಹಣಿಗಳನ್ನು ಮುಂದಿಟ್ಟುಕೊಂಡು ಅಜ್ಜಿಯ ಹತ್ತಿರ ಕೂತೆ. ಕಾಗದದಲ್ಲಿ ಪ್ರತಿ ಹೊಲಕ್ಕೂ ಒಂದು ಸರ್ವೆ ನಂಬರು, ಎಕರೆ, ಗುಂಟೆ. ಅಜ್ಜಿಗೆ ಓದು ಬರಲ್ಲ, ನಂಬರು ಗೊತ್ತಿಲ್ಲ. ಅವರು ಹೇಳಿದ್ದು ಹೆಸರು: ಹುಣಸೆಮರದ ಹೊಲ, ಜೋಡಿಕಲ್ಲು ಹೊಲ, ಗುಂಡಿತೋಟ, ಬಸವಿ ಸತ್ತ ಹೊಲ... ಬಸವಿ ಅಂದರೆ ಅವರ ತೌರಿನಿಂದ ಬಂದ ಹಸು. ಹನ್ನೊಂದು ಹೆಸರು ಹೇಳಿದರು. ಹುಣಸೆಮರ ನಾನು ಹುಟ್ಟುವ ಮೊದಲೇ ಹೋಗಿದೆ, ಹೊಲದ ಹೆಸರಲ್ಲಿ ಮಾತ್ರ ಇನ್ನೂ ನಿಂತಿದೆ.

ಉಪನಗರ ಬರಲಿ, ಬಿಡಲಿ, ಹೊಲ ಉಳಿಯಲಿ, ಹೋಗಲಿ, ಅದನ್ನು ತೀರ್ಮಾನ ಮಾಡೋರು ಬೇರೆ ಇದ್ದಾರೆ. ಆದರೆ ಬಸವಿ ಸತ್ತ ಹೊಲ ಯಾವುದು ಅಂತ ಗೊತ್ತಿರೋದು ಒಬ್ಬ ಅಜ್ಜಿಗೆ. ಹನ್ನೊಂದು ನಂಬರಿನ ಮುಂದೆ ಹನ್ನೊಂದು ಹೆಸರು ಬರೆದುಕೊಂಡೆ. ಪಕ್ಕದ ಮನೆಯವರದು ಇನ್ನೂ ಬಾಕಿ ಇದೆ.